ಐದು ಆಯುಧಗಳಲ್ಲಿ ನಾನೆತ್ತಿಕೊಂಡ ಕತ್ತಿ

ಡಿಗ್ರಿ ನನ್ನಿಂದಾಗದು ಎಂದು ಹೇಳಿದವರು ನನ್ನ ಮಾವ, ಅಮ್ಮನ ಅಣ್ಣ. ಬಾವಿಯ ಬದಿಯಲ್ಲಿ ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕತ್ತಿ ಮಸೆಯುತ್ತಾ, ತಲೆ ಎತ್ತದೆ ಹೇಳಿದ್ದರು. ಕಾಲೇಜಿನ ಅಲೋಟ್‌ಮೆಂಟ್‌ನಲ್ಲಿ ನನ್ನ ಹೆಸರು ಬಂದಿದೆ ಎಂದು ನಾನು ಓಡಿ ಬಂದು ತಿಳಿಸಿದ ಬೆಳಿಗ್ಗೆ ಅದು.

"ಹೋಗುದಾದ್ರೆ ಹೋಗು. ಆದ್ರೆ ನಮ್ಮ ಮನೆಯವರ ಮಂಡೆಯಲ್ಲಿ ಅಕ್ಷರ ನಿಲ್ಲುದಿಲ್ಲ ಹೆಣ್ಣೇ. ನಾನು ನಾಲ್ಕರಲ್ಲಿ ನಿಂತೆ, ನಿನ್ನಮ್ಮ ಏಳರಲ್ಲಿ. ನೀನು ಪ್ಲಸ್ ಟು ಮುಗಿಸಿದ್ದೇ ಹೆಚ್ಚಾಯ್ತು. ಮೂರು ವರ್ಷ ಬಸ್ಸಿನಲ್ಲಿ ನೇತಾಡಿ ಬರೀ ಕೈಯಲ್ಲಿ ವಾಪಸ್ ಬರ್ತೀ. ಬರೆದು ಇಟ್ಕೋ."

ಬರೆದಿಟ್ಟುಕೊಳ್ಳುವ ಅಭ್ಯಾಸ ಇದ್ದದ್ದು ನಮ್ಮ ಮನೆಯಲ್ಲಿ ನನಗೊಬ್ಬಳಿಗೇ. ಆ ದಿನವೇ ಹಳೆಯ ನೋಟು ಪುಸ್ತಕದ ಕೊನೆಯ ಹಾಳೆಯಲ್ಲಿ ಅವರ ಮಾತನ್ನು ಹಾಗೆಯೇ ಬರೆದಿಟ್ಟೆ. ಮುಂದೆ ನನ್ನ ಕೈತಪ್ಪಿ ಹೋದದ್ದೂ ಅದೇ ಪುಸ್ತಕ.

ಮಾವನ ಮಾತಿಗೆ ಅಷ್ಟು ತೂಕ ಏಕೆ ಎಂದು ಹೊರಗಿನವರು ಕೇಳಬಹುದು. ನಮ್ಮದು ಮಲಯಾಳದ ಗಡಿನಾಡು, ಮೀಂಜದ ಒಳಗಿನ ಒಂದು ತುಳು ಮನೆ. ನಮ್ಮಲ್ಲಿ ಅಳಿಯಕಟ್ಟು; ಮಕ್ಕಳು ತಾಯಿಯ ಮನೆಗೆ ಸೇರಿದವರು, ತಾಯಿಯ ಮನೆಯಲ್ಲಿ ಹೇಳುವವರು ಮಾವ. ಅಪ್ಪ ನಾನು ಸಣ್ಣವಳಿದ್ದಾಗಲೇ ತೀರಿಹೋಗಿದ್ದರಿಂದ ಕೇಳುವುದಕ್ಕೆ ಬೇರೆ ಗಂಡಸೂ ಇರಲಿಲ್ಲ. ಅಮ್ಮ ಬೀಡಿ ಕಟ್ಟುತ್ತಿದ್ದರು. ಮಾವ ಮರ ಹತ್ತಿ ತೆಂಗಿನಕಾಯಿ ಕೀಳುತ್ತಿದ್ದರು. ಸೊಂಟದ ಹಿಂದೆ ಮರದ ಕೊಕ್ಕೆಯಲ್ಲಿ ಸಿಕ್ಕಿಸಿದ ಕತ್ತಿ ಇಲ್ಲದೆ ನಾನು ಅವರನ್ನು ನೋಡಿದ್ದು ಮದುವೆ ಮನೆಗಳಲ್ಲಿ ಮಾತ್ರ. ಆ ಕತ್ತಿಯನ್ನು ಅವರು ಪ್ರತಿದಿನ ಬೆಳಿಗ್ಗೆ ಮಸೆಯುತ್ತಿದ್ದರು. ವರ್ಷಾನುಗಟ್ಟಲೆ ಮಸೆದು ಮಸೆದು ಅದರ ಅಲಗು ಅರ್ಧ ಸವೆದು, ಅಷ್ಟಮಿಯ ಚಂದ್ರನ ಹಾಗೆ ತೆಳ್ಳಗಾಗಿತ್ತು.

ಮನೆಯಲ್ಲಿ ನಾವು ಆಡುವುದು ತುಳು. ಇಲ್ಲಿ ಅದನ್ನು ನಮ್ಮ ಕಡೆಯ ಕನ್ನಡದಲ್ಲಿ ಬರೆದಿದ್ದೇನೆ.

ಕಾಲೇಜಿನಲ್ಲಿ ನನ್ನ ಪಕ್ಕ ಕೂತವಳು ಬಂದ್ಯೋಡಿನವಳು. ಹೈವೇ ಬದಿಯಲ್ಲಿ ಅವಳ ಅಪ್ಪನ ಪಾತ್ರೆ ಅಂಗಡಿ, ಅದರ ಮೇಲೆಯೇ ಮನೆ. ಕಂಪ್ಯೂಟರ್ ಡಿಗ್ರಿಯ ಆ ಕ್ಲಾಸಿಗೆ ಕನ್ನಡ ಮೀಡಿಯಂನಿಂದ ಬಂದವರು ನಾವಿಬ್ಬರೇ. ಟೀಚರ್ ಇಂಗ್ಲಿಷಿನಲ್ಲಿ ಶುರು ಮಾಡಿ, ಮಕ್ಕಳಿಗೆ ಅರ್ಥವಾಗಲಿಲ್ಲವೆಂದು ಕನಿಕರಪಟ್ಟು ಮಲಯಾಳಕ್ಕೆ ಇಳಿದರೆ ನಮಗಿಬ್ಬರಿಗೆ ಇದ್ದದ್ದೂ ಹೋಗುತ್ತಿತ್ತು. ಒಬ್ಬರ ಮುಖ ಒಬ್ಬರು ನೋಡಿ ನಗುತ್ತಿದ್ದೆವು. ದೋಸ್ತಿಯಾಗಲು ಅಷ್ಟು ಸಾಕಾಯಿತು.

ಕಾಲೇಜು ಬಿಟ್ಟು ಬಂದ್ಯೋಡಿನಲ್ಲಿ ಇಳಿದರೆ ನಮ್ಮೂರಿನ ಬಸ್ಸಿಗೆ ಒಂದೂವರೆ ಗಂಟೆ ಕಾಯಬೇಕು. ಹೈವೇ ಅಗಲ ಮಾಡುವ ಕೆಲಸ ನಡೆಯುತ್ತಿದ್ದ ಕಾಲ. ಕಾಯಲು ಒಂದು ಮರವನ್ನೂ ಉಳಿಸಿರಲಿಲ್ಲ.

"ಧೂಳು ತಿನ್ನುದು ಎಂತಕ್ಕೆ? ಮೇಲೆ ಬಾ ಮಾರಾಯ್ತಿ" ಎಂದು ಅವಳೇ ಕರೆದಳು.

ಮೇಲಿನ ಕೋಣೆಯಲ್ಲಿ ಅವಳ ಅಣ್ಣ ದುಬಾಯಿಗೆ ಹೋಗುವಾಗ ಬಿಟ್ಟುಹೋದ ಕಂಪ್ಯೂಟರ್ ಇತ್ತು. ಅದರೊಳಗೆ ಆ ಆಟ ಇತ್ತು.

ಆಟ ಶುರುವಾಗುವುದು ಸಮುದ್ರದ ದಡದಲ್ಲಿ. ಹಡಗು ಒಡೆದು, ಒಬ್ಬ ಮನುಷ್ಯ ಮರಳಿನ ಮೇಲೆ ಬಂದು ಬಿದ್ದಿರುತ್ತಾನೆ. ಊರಿಲ್ಲ, ಹೆಸರಿಲ್ಲ, ಕಾಲಲ್ಲಿ ಚಪ್ಪಲಿಯೂ ಇಲ್ಲ. ಅವನನ್ನು ನಡೆಸಬೇಕಾದವರು ನಾವು. ಮೀನು ಒಣಗಿಸುವ ಮುದುಕಿಯೊಬ್ಬಳು ಅವನ ಮುಂದೆ ಚಾಪೆ ಬಿಡಿಸಿ ಐದು ಆಯುಧ ಇಡುತ್ತಾಳೆ: ಎರಡೂ ಕೈಯಲ್ಲಿ ಎತ್ತಬೇಕಾದ ದೊಡ್ಡ ಖಡ್ಗ, ಗುರಾಣಿಯ ಜೊತೆಗೆ ಒಂದು ಸಣ್ಣ ಖಡ್ಗ, ಬಿಲ್ಲು, ಈಟಿ, ಬಾಗಿದ ಒಂದು ಕತ್ತಿ. ಒಂದನ್ನು ಎತ್ತಿಕೊಂಡರೆ ಉಳಿದ ನಾಲ್ಕನ್ನು ಅವಳು ಸುತ್ತಿ ಒಳಗಿಡುತ್ತಾಳೆ. ಆಮೇಲೆ ಬೇಡಿದರೂ ಇಲ್ಲ.

ಗೆಳತಿ ದೊಡ್ಡ ಖಡ್ಗ ತೆಗೆದುಕೊಂಡಳು. ಯಾಕೆಂದು ಕೇಳಿದೆ.

"ನೋಡ್ಲಿಕ್ಕೆ ಗಮ್ಮತ್ತುಂಟಲ್ಲ! ಹೊಡೆತದ ನಂಬರ್ ನೋಡು, ಎಲ್ಲಕ್ಕಿಂತ ಜಾಸ್ತಿ."

ನನ್ನ ಸರದಿ ಬಂದಾಗ ನಾನು ಬಾಗಿದ ಕತ್ತಿಯನ್ನು ಎತ್ತಿದೆ. ಅದರ ನಂಬರ್ ಐದರಲ್ಲೇ ಎಲ್ಲಕ್ಕಿಂತ ಕಡಿಮೆ. ಆದರೆ ಅದು ಮಾವನ ಕತ್ತಿಯ ಹಾಗೆಯೇ ಇತ್ತು. ತುದಿ ಒಳಗೆ ಬಾಗಿ, ಹಿಡಿ ಗಿಡ್ಡವಾಗಿ, ಆಯುಧಕ್ಕಿಂತ ಕೆಲಸದ ಸಾಮಾನು ಎನ್ನುವ ಹಾಗೆ.

ಅವಳು ಕುರ್ಚಿಯಲ್ಲಿ ಹೊರಳಾಡಿ ನಕ್ಕಳು. "ರಾಕ್ಷಸನಿಗೆ ಹೊಡೀಲಿಕ್ಕಾ, ದನಕ್ಕೆ ಸೊಪ್ಪು ಕಡೀಲಿಕ್ಕಾ?"

"ಎರಡಕ್ಕೂ ಆಗ್ತದೆ" ಎಂದೆ.

ಒಂದೂವರೆ ಗಂಟೆಯಲ್ಲಿ ಆ ಆಟದ ಒಳಗೆ ತುಂಬಾ ದೂರ ಹೋಗಲಾಗುತ್ತಿರಲಿಲ್ಲ. ಅದರಲ್ಲಿ ಅರ್ಧ ಹೊತ್ತು ಅವಳದು. ಹಾಗಾಗಿ ನಾವು ಮತ್ತೆ ಮತ್ತೆ ದಡದಿಂದಲೇ ಶುರು ಮಾಡುತ್ತಿದ್ದೆವು, ಒಮ್ಮೆ ಈಟಿ, ಒಮ್ಮೆ ಬಿಲ್ಲು. ಆಟದ ಕೊನೆಯಲ್ಲಿ ಏನಿದೆ ಎಂದು ನನಗೆ ಇಂದಿಗೂ ಗೊತ್ತಿಲ್ಲ. ಮೊದಲಿನ ಭಾಗವನ್ನು ಮಾತ್ರ ಕಣ್ಣು ಕಟ್ಟಿ ಬಿಟ್ಟರೂ ನಡೆದುಬಿಡುತ್ತೇನೆ: ದಡ, ಸಣ್ಣ ನೀರಿನ ತೋಡು, ಗುಹೆ, ಆಮೇಲೆ ಕಲ್ಲಿನ ಸೇತುವೆ ಕಾಯುವ ದೈತ್ಯ.

ದೊಡ್ಡ ಖಡ್ಗದ ಬಣ್ಣ ಗುಹೆಯಲ್ಲಿ ಬಯಲಾಯಿತು. ಬೀಸಿದರೆ ಗೋಡೆಗೆ ತಾಗುತ್ತದೆ. ಬೀಸಿದವನು ಏದುಸಿರು ಬಿಡುತ್ತಾ ಎರಡು ಕ್ಷಣ ನಿಂತೇಬಿಡುತ್ತಾನೆ. ಅಷ್ಟರಲ್ಲಿ ಇಲಿಯ ಮುಖದ ಪ್ರಾಣಿಗಳು ಮೈಮೇಲೆ ಬಿದ್ದಿರುತ್ತವೆ. ಮೊಂಡಾದರೆ ಪೇಟೆಯ ಕಮ್ಮಾರನೇ ಸರಿಮಾಡಬೇಕು. ಪೇಟೆ ಇರುವುದು ಸೇತುವೆಯ ಆಚೆ. ಬಾಗಿದ ಕತ್ತಿಗೆ ಅದೆಲ್ಲ ಬೇಡ. ತೋಡಿನ ಬದಿಯಲ್ಲಿ ಒಂದು ಕಲ್ಲು ಸಿಕ್ಕಿದರೆ ಸಾಕು, ಕೂತು ಮಸೆಯಬಹುದು. ಹೊಡೆಯುವುದನ್ನೂ ನಾನು ಮಾವನಿಂದ ನೋಡಿ ಕಲಿತಿದ್ದೆ. ಕತ್ತಿ ನೇರ ಬಿದ್ದರೆ ಸಿಕ್ಕಿಕೊಳ್ಳುತ್ತದೆ, ಓರೆಯಾಗಿ ಬಿದ್ದರೆ ಕಡಿದುಕೊಂಡು ಹೋಗುತ್ತದೆ. ಆಟ ಮಾಡಿದವರಿಗೂ ಅದು ಗೊತ್ತಿತ್ತು. ಪಕ್ಕಕ್ಕೆ ಸರಿದು ಹೊಡೆದರೆ ಪೆಟ್ಟು ಎರಡು ಪಟ್ಟು ಬೀಳುತ್ತಿತ್ತು.

ಆದರೆ ಒಂದು ತಪ್ಪು ಮಾಡಿದೆ. ನಮ್ಮ ಮನೆಯಲ್ಲಿ ಹುಟ್ಟಿದವರು ಮಾತ್ರ ಮಾಡಬಹುದಾದ ತಪ್ಪು. ಆಟದಲ್ಲಿ ಬೆಳಗಾದಾಗಲೆಲ್ಲ ಕತ್ತಿ ಮಸೆದೆ. ಹರಿತ ಇದ್ದರೂ ಮಸೆದೆ. ಕೆಲಸಕ್ಕೆ ಹೊರಡುವ ಮೊದಲು ಕತ್ತಿ ಮಸೆಯಬೇಕು ಎನ್ನುವುದು ನನಗೆ ಹಲ್ಲುಜ್ಜಬೇಕು ಎನ್ನುವಷ್ಟೇ ಸಹಜವಾಗಿತ್ತು. ಪ್ರತಿ ಸಲ ಮಸೆದಾಗಲೂ ಅಲಗಿನ ಆಯುಸ್ಸು ಸ್ವಲ್ಪ ಸ್ವಲ್ಪ ಕಡಿಮೆಯಾಗುತ್ತಿತ್ತು. ಅದನ್ನು ತೋರಿಸುವ ಸಣ್ಣ ಗೆರೆಯನ್ನು ನಾನು ನೋಡಿರಲೇ ಇಲ್ಲ. ಸೇತುವೆಯ ದೈತ್ಯನ ಎದುರು, ಅವನಿಗೆ ಇನ್ನು ಮೂರು ಪೆಟ್ಟು ಸಾಕು ಎನ್ನುವಾಗ ಕತ್ತಿ ಎರಡು ತುಂಡಾಯಿತು.

"ಮಸೆದು ಮಸೆದು ಕತ್ತಿಯನ್ನೇ ತಿಂದು ಮುಗಿಸಿದ್ಯಲ್ಲಾ ಮಾರಾಯ್ತಿ!" ಗೆಳತಿಗೆ ನಗು ತಡೆಯಲಾಗಲಿಲ್ಲ. ನನಗೂ.

ಆ ಸಂಜೆ ಬಸ್ಸಿನಲ್ಲಿ ಕೂತು ನೋಟು ಪುಸ್ತಕ ತೆರೆದೆ. ಕೊನೆಯ ಹಾಳೆಯಲ್ಲಿ ಮಾವನ ಮಾತು. ಮೊದಲ ಹಾಳೆಯಲ್ಲಿ ಬರೆದೆ: "ಬಾಗು ಕತ್ತಿ. ಹರಿತ ಇರುವಾಗ ಮಸೆಯಬೇಡ." ಅಲ್ಲಿಂದ ಎರಡು ವರ್ಷ ಆ ಪುಸ್ತಕ ತುಂಬುತ್ತಾ ಹೋಯಿತು. ಯಾವ ಆಯುಧ ಎಷ್ಟು ದೂರ ಮುಟ್ಟುತ್ತದೆ, ಮಳೆಯಲ್ಲಿ ಬಿಲ್ಲಿನ ದಾರ ಎಷ್ಟು ಸಡಿಲಾಗುತ್ತದೆ, ಅವಸರದವರು ಯಾವುದನ್ನು ಎತ್ತಬಾರದು, ಹೆದರುವವರು ಯಾವುದನ್ನು ಎತ್ತಬೇಕು, ಎಲ್ಲವೂ ಕನ್ನಡದಲ್ಲಿ. ಬಾಗು ಕತ್ತಿಯ ಹೆಸರಿನ ಮುಂದೆ ಕೆಂಪು ಶಾಯಿಯಲ್ಲಿ ಒಂದು ನಕ್ಷತ್ರ ಹಾಕಿದ್ದೆ. ಅದು ಎಲ್ಲಕ್ಕಿಂತ ಒಳ್ಳೆಯದು ಎಂದಲ್ಲ, ನನ್ನದು ಎಂದು.

ಮೂರನೇ ವರ್ಷ ಪ್ರಾಜೆಕ್ಟ್ ಬಂತು. ಒಬ್ಬೊಬ್ಬರೂ ಒಂದು ಪ್ರೋಗ್ರಾಂ ಮಾಡಿ ತೋರಿಸಬೇಕು. ಅದು ಪಾಸಾಗದಿದ್ದರೆ ಬೇರೆಲ್ಲ ವಿಷಯಗಳಲ್ಲಿ ಎಷ್ಟೇ ಮಾರ್ಕು ಇದ್ದರೂ ಡಿಗ್ರಿ ಇಲ್ಲ. ನಾನು ಏನು ಮಾಡಬೇಕೆಂದು ಎರಡು ವರ್ಷದಿಂದ ಗೊತ್ತಿತ್ತು. ಹೊಸದಾಗಿ ಆಡುವವರಿಗೆ ನಾಲ್ಕು ಪ್ರಶ್ನೆ ಕೇಳುವುದು, ಉತ್ತರ ನೋಡಿ ಈ ಐದರಲ್ಲಿ ನಿನಗೆ ಇದು ಆಗುತ್ತದೆ ಎಂದು ಹೇಳುವುದು. ಗೆಳತಿಗೆ ಹೇಳಿದೆ. ಅವಳು ಮುಖ ಸಣ್ಣ ಮಾಡಿದಳು.

"ಆಟದ ವಿಷಯ ಟೀಚರ್ ಒಪ್ತಾರಾ? ನಾನಾದ್ರೆ ಅಂಗಡಿಯ ಸ್ಟಾಕ್ ಬಗ್ಗೆ ಮಾಡ್ತೇನೆ. ನೀನೂ ಬೇರೆ ಏನಾದ್ರೂ ನೋಡು."

ಹೆಸರು ಕೊಡುವ ವಾರ ನನಗೆ ಜ್ವರ ಬಂತು. ಐದು ದಿನ ಮಲಗಿದ್ದೆ, ಎದ್ದರೆ ಗೋಡೆ ತಿರುಗುತ್ತಿತ್ತು. ಒಂದು ಮಧ್ಯಾಹ್ನ ಕಣ್ಣು ಬಿಟ್ಟಾಗ ತಲೆದಿಂಬಿನ ಬಳಿ ಬ್ರೆಡ್ಡಿನ ಪೊಟ್ಟಣ ಇತ್ತು.

"ನಿನ್ನ ದೋಸ್ತಿ ಬಂದಿದ್ಲು. ನಿದ್ದೆ ಮಾಡ್ತಿದ್ದಿ, ಏಳಿಸ್ಲಿಲ್ಲ" ಎಂದರು ಅಮ್ಮ.

ಅಷ್ಟು ದೂರ ಬಸ್ಸು ಹತ್ತಿ ಬಂದಿದ್ದಾಳಲ್ಲ ಎಂದು ನನ್ನ ಕಣ್ಣು ತುಂಬಿತು. ಆ ಕಣ್ಣೀರನ್ನು ನೆನೆದರೆ ಈಗಲೂ ಮೈ ಉರಿಯುತ್ತದೆ.

ಜ್ವರ ಬಿಟ್ಟ ಮೇಲೆ ಪುಸ್ತಕ ಹುಡುಕಿದೆ. ಇಲ್ಲ. ಚೀಲದಲ್ಲಿಲ್ಲ, ಅಟ್ಟದಲ್ಲಿಲ್ಲ, ದೇವರ ಫೋಟೋದ ಹಿಂದೆ ಇಲ್ಲ. ಎರಡು ದಿನ ಹುಡುಕಿದೆ. ಚಾಪೆಯ ಅಡಿ ನೋಡಬೇಕೆಂದಾಗ ಅಮ್ಮ ಬೀಡಿಯ ಮೊರ ಎತ್ತಿ ಹಿಡಿದು ಜಾಗ ಬಿಟ್ಟುಕೊಟ್ಟರು. ಎಲೆ ಚೆಲ್ಲದ ಹಾಗೆ ಜಾಗ್ರತೆಯಾಗಿ ಎತ್ತಿದ್ದರು. ಮಾವ ಜಗಲಿಯಲ್ಲಿ ಕೂತು, ಮರ ಹತ್ತುವಾಗ ಕಾಲಿಗೆ ಹಾಕುವ ತಳೆಯ ಹಗ್ಗ ಹೊಸೆಯುತ್ತಿದ್ದರು.

ಕಾಲೇಜಿಗೆ ಹೋದ ದಿನ ಲ್ಯಾಬಿನ ಬಾಗಿಲಿಗೆ ಪ್ರಾಜೆಕ್ಟುಗಳ ಪಟ್ಟಿ ಅಂಟಿಸಿದ್ದರು. ನನ್ನ ಹೆಸರಿನ ಮುಂದೆ ಖಾಲಿ ಜಾಗ. ಅದರ ಮೇಲಿನ ಸಾಲಿನಲ್ಲಿ ಗೆಳತಿಯ ಹೆಸರು. ಅದರ ಮುಂದೆ, ಹೊಸ ಆಟಗಾರರಿಗೆ ಮೊದಲ ಆಯುಧ ಆರಿಸಿಕೊಡುವ ಪ್ರೋಗ್ರಾಂ ಎಂದು ಇಂಗ್ಲಿಷಿನಲ್ಲಿ ಚೆನ್ನಾಗಿ ಬರೆದಿತ್ತು. ನಾನು ಮೂರು ಸಲ ಓದಿದೆ. ಇಂಗ್ಲಿಷ್ ನನಗೆ ನಿಧಾನ, ತಪ್ಪಾಗಿ ಓದಿರಬಹುದು ಎಂದುಕೊಂಡೆ. ತಪ್ಪಾಗಿ ಓದಿರಲಿಲ್ಲ.

ಸಂಜೆ ಬಂದ್ಯೋಡಿನಲ್ಲಿ ಇಳಿದವಳು ಅವಳ ಮನೆಯ ಮೆಟ್ಟಿಲು ಹತ್ತಲಿಲ್ಲ. ಧೂಳಿನಲ್ಲೇ ನಿಂತು ಕೇಳಿದೆ.

"ಅಂಗಡಿ ಸ್ಟಾಕ್ ಎಂತಾಯ್ತು?"

"ಟೀಚರಿಗೆ ಅದು ಹಿಡಿಸ್ಲಿಲ್ಲ. ವರ್ಷ ವರ್ಷ ಯಾರಾದ್ರೂ ಮಾಡ್ತಾರಂತೆ. ನೀನು ಹೇಗೂ ಬರ್ಲಿಲ್ಲ, ಹೆಸರು ಕೊಡ್ಲಿಲ್ಲ..."

"ನಾನು ಜ್ವರದಲ್ಲಿ ಬಿದ್ದಿದ್ದೆ. ನೀನೇ ಬಂದು ನೋಡಿದ್ದೀ."

ಅವಳಿಗೇ ಸಿಟ್ಟು ಬಂತು. ತಪ್ಪು ಮಾಡಿದವರಿಗೆ ಮೊದಲು ಸಿಟ್ಟು ಬರುವುದನ್ನು ನಾನು ಆ ದಿನ ಕಂಡೆ.

"ನೀನು ಎಂತ ದೊಡ್ಡ ವಿಷಯ ಮಾಡ್ತೀ? ಕಂಪ್ಯೂಟರ್ ಯಾರದ್ದು? ಕೋಣೆ ಯಾರದ್ದು? ಎರಡು ವರ್ಷ ಕುಡಿದ ಚಾ ಯಾರ ಅಮ್ಮ ಮಾಡಿದ್ದು? ಆಡಿದ್ದು ಇಬ್ರೂ. ನೀನು ಕೂತು ಬರೆದಿ, ಅಷ್ಟೇ."

ಅದರಲ್ಲಿ ಕಾಲುಭಾಗ ಸತ್ಯ ಇತ್ತು. ಆ ಕಾಲುಭಾಗ ನನ್ನ ಬಾಯಿ ಕಟ್ಟಿತು.

"ಪುಸ್ತಕ ಯಾಕೆ ಕದ್ದಿ?" ಎಂದು ಮಾತ್ರ ಕೇಳಿದೆ.

"ಕದ್ದದ್ದಾ? ನಾನು ಕಳ್ಳಿಯಾ? ಹೋಗಿ ನಿನ್ನ ಮಾವನ ಹತ್ರ ಕೇಳು. ಅವರೇ ಒಳಗಿಂದ ತಂದು ಕೈಗೆ ಕೊಟ್ಟದ್ದು."

ಬಸ್ಸು ಬಂತು. ಕಿಟಕಿ ಬದಿಯ ಸೀಟು ಸಿಕ್ಕಿತ್ತು, ಹೊರಗೆ ಏನು ಕಂಡಿತೋ ನೆನಪಿಲ್ಲ.

ಮಾವ ಕೆಲಸದಿಂದ ಬಂದು ಕೈಕಾಲು ತೊಳೆಯುತ್ತಿದ್ದರು. ನಾನು ಚೀಲವನ್ನೂ ಇಳಿಸದೆ ಕೇಳಿದೆ. ಅವರು ಮುಚ್ಚಿಡಲಿಲ್ಲ.

"ಹೌದು, ಕೊಟ್ಟೆ. ಒಳ್ಳೆ ಮಾತಾಡಿದ್ಲು, ಮಾವ ಮಾವ ಅಂತ ಕರೆದ್ಲು. ಆಟದ ಪುಸ್ತಕ ಅದು, ಒಂದು ವಾರಕ್ಕೆ ಬೇಕು ಅಂದ್ಲು. ಆ ದರಿದ್ರ ಆಟ ಈ ಮನೆಯಿಂದ ಹೋದ್ರೆ ನೀನು ಪಾಠದ ಪುಸ್ತಕ ಹಿಡೀತೀ ಅಂತ ಕೊಟ್ಟೆ."

"ಪಾಠವೇ ಅದು ಮಾವ! ನನ್ನ ಡಿಗ್ರಿ ಅದರಲ್ಲಿತ್ತು!"

ಮಾವ ನೀರಿನ ಚೆಂಬನ್ನು ಹಿಡಿದುಕೊಂಡೇ ನಿಂತರು. "ಕತ್ತಿ, ಬಿಲ್ಲು ಅಂತೆಲ್ಲ ಇತ್ತಲ್ಲ ಅದರಲ್ಲಿ. ಅದು ಪಾಠ ಅಂತ ನನಗೆ ಹೇಗೆ ಗೊತ್ತಾಗುದು?"

ನಾನು ಅಮ್ಮನ ಕಡೆ ತಿರುಗಿದೆ. ಅಮ್ಮ ಮೊರದಿಂದ ಕಣ್ಣೆತ್ತಲಿಲ್ಲ. ಎಲೆ ಸುತ್ತುತ್ತಿದ್ದ ಬೆರಳು ನಿಂತಿತ್ತು.

"ಅಮ್ಮಾ, ನಿಮಗೆ ಗೊತ್ತಿತ್ತಾ?"

"ಅಣ್ಣ ಹೇಳ್ಬೇಡ ಅಂದ್ರು ಮಗಾ."

ಗೆಳತಿಯ ಮೋಸ ನನಗೆ ಅರ್ಥವಾಗುತ್ತದೆ. ಅವಳಿಗೆ ಮಾರ್ಕು ಬೇಕಿತ್ತು, ತೆಗೆದುಕೊಂಡಳು. ಮಾವನ ಪೆದ್ದುತನವೂ ಅರ್ಥವಾಗುತ್ತದೆ. ಆದರೆ ಪುಸ್ತಕ ಮನೆಯಲ್ಲಿಲ್ಲವೆಂದು ಗೊತ್ತಿದ್ದೂ ನಾನು ಹುಡುಕಲೆಂದು ಅಮ್ಮ ಅಷ್ಟು ಜಾಗ್ರತೆಯಾಗಿ ಮೊರ ಎತ್ತಿ ಹಿಡಿದರಲ್ಲ, ಅದು ಇಂದಿಗೂ ನನಗೆ ಕೂಡಿಬರದ ಲೆಕ್ಕ. ಬಿಎ, ಎಂಎ ಮಾಡಿದವರ ಮನೆಯಲ್ಲಿ ಹೀಗಾಗುತ್ತಿರಲಿಲ್ಲ. ಮನೆಯಲ್ಲಿ ಮೊದಲು ಓದುವವರಿಗೆ ಇದೊಂದು ಕಷ್ಟ: ತಮ್ಮ ಕೈಯಲ್ಲಿರುವುದು ಏನೆಂದು ಮನೆಯವರಿಗೇ ಗೊತ್ತಿರುವುದಿಲ್ಲ. ಪ್ರೀತಿಯಿಂದಲೇ ಬಿಸಾಡುತ್ತಾರೆ.

ಮರುದಿನ ಟೀಚರ ಹತ್ತಿರ ಹೋದೆ. ಪೂರ್ತಿ ಕೇಳಿಸಿಕೊಂಡರು.

"ಪುಸ್ತಕ ಉಂಟಾ?"

"ಇಲ್ಲ ಟೀಚರ್. ಅವಳ ಹತ್ತಿರ ಉಂಟು."

"ಅವಳು ಇಲ್ಲ ಅಂದ್ರೆ?"

ಅವರೇ ಪೆನ್ನಿನ ಮುಚ್ಚಳ ಹಾಕಿ ಹೇಳಿದರು, "ನಿನ್ನನ್ನು ನಂಬುದಿಲ್ಲ ಅಂತಲ್ಲ ಮೋಳೇ. ಪಟ್ಟಿ ಮೇಲೆ ಹೋಗಿ ಆಗಿದೆ. ಸೋಮವಾರದ ಒಳಗೆ ಬೇರೆ ವಿಷಯ ತಾ. ಇಲ್ಲಾಂದ್ರೆ ಮುಂದಿನ ವರ್ಷ."

ಮೋಳೇ ಎಂದರೆ ಮಲಯಾಳದಲ್ಲಿ ಮಗಳೇ. ಮುಂದಿನ ವರ್ಷ ಎಂದರೆ ನಮ್ಮ ಮನೆಯಲ್ಲಿ ಇನ್ನೆಂದೂ ಇಲ್ಲ ಎಂದು. ಒಂದು ವರ್ಷ ಹೆಚ್ಚಾದರೆ ಮಾವನ ಮಾತು ನಿಜವಾಗುತ್ತಿತ್ತು.

ಎರಡು ದಿನ ಯಾರ ಹತ್ತಿರವೂ ಮಾತಾಡಲಿಲ್ಲ. ಮೂರನೆಯ ಬೆಳಿಗ್ಗೆ ಒಗೆಯುವ ಕಲ್ಲಿನಿಂದ ಸರ್ರ್, ಸರ್ರ್ ಎಂದು ಸದ್ದು ಕೇಳಿತು. ಮಲಗಿದ್ದಲ್ಲಿಂದಲೇ ಎಣಿಸಿದೆ. ಆಟದಲ್ಲಿ ಮುರಿದ ನನ್ನ ಕತ್ತಿ ನೆನಪಾಯಿತು. ಐದು ಆಯುಧಗಳನ್ನು ಗೆಳತಿ ತೆಗೆದುಕೊಂಡಿದ್ದಳು. ಒಂದನ್ನು ಎಷ್ಟು ಬಳಸಿದರೆ ಯಾವಾಗ ಮಸೆಯಬೇಕು, ಎಷ್ಟು ಮಸೆದರೆ ಅದು ಮುಗಿದುಹೋಗುತ್ತದೆ ಎಂದು ಹೇಳುವ ಪ್ರೋಗ್ರಾಂ ಯಾರೂ ತೆಗೆದುಕೊಂಡಿರಲಿಲ್ಲ. ಅದನ್ನು ಊರಲ್ಲೇ ಚೆನ್ನಾಗಿ ತಿಳಿದವರೊಬ್ಬರು ನಮ್ಮ ಬಾವಿಯ ಬದಿಯಲ್ಲೇ ಕೂತಿದ್ದರು, ನಾನು ಮಾತು ಬಿಟ್ಟಿದ್ದ ಮನುಷ್ಯ.

ಎದ್ದು ಹೋಗಿ ಎದುರು ನಿಂತೆ. ಕೈಯಲ್ಲಿ ಹೊಸ ಪುಸ್ತಕ.

"ಕತ್ತಿ ಮೊಂಡಾಯ್ತು ಅಂತ ಹೇಗೆ ಗೊತ್ತಾಗ್ತದೆ?"

ಮಾವ ನನ್ನ ಮುಖ ನೋಡಿದರು. ಕ್ಷಮಿಸಿದೆನೋ ಎಂದು ಹುಡುಕಿದರೇನೋ. ನಾನು ಪೆನ್ನು ಹಿಡಿದು ಕಾದೆ.

"ಉಗುರಿನ ಮೇಲೆ ಇಟ್ಟು ನೋಡುದು" ಎಂದು ಹೆಬ್ಬೆರಳ ಉಗುರಿಗೆ ಅಲಗು ತಾಗಿಸಿ ತೋರಿಸಿದರು. "ಜಾರಿದ್ರೆ ಮಸೀಬೇಕು. ಕಚ್ಚಿ ನಿಂತ್ರೆ ಬೇಡ."

"ಒಂದು ಸಲ ಮಸೆದ್ರೆ ಎಷ್ಟು ಮರಕ್ಕೆ ಬರ್ತದೆ?"

"ಗೊನೆ ಮಾತ್ರ ಕಡಿಯುದಾದ್ರೆ ಇಪ್ಪತ್ತು, ಇಪ್ಪತ್ತೈದು. ಒಣಗಿದ ಗರಿಯ ಮಡಲು ಕಡಿಯಬೇಕಾದ್ರೆ ಅರ್ಧ. ಸಿಪ್ಪೆಗೆ ಮರಳು ಮೆತ್ತಿದ್ರೆ ಅದೂ ಇಲ್ಲ."

ಬರೆದುಕೊಂಡೆ. ನಾಲ್ಕು ಬೆಳಿಗ್ಗೆ ಹೀಗೇ ಕೇಳಿದೆ, ಬರೆದೆ. ಕೇಳಿದ್ದಕ್ಕೆ ಮಾತ್ರ ಉತ್ತರ, ಬೇರೆ ಮಾತಿಲ್ಲ. ಕೊನೆಯ ದಿನ ಒಂದು ಪ್ರಶ್ನೆ ಉಳಿದಿತ್ತು.

"ಉಗುರಿಗೆ ಕಚ್ಚುವಾಗಲೂ ನೀವು ದಿನಾ ಮಸೀತೀರಿ. ಯಾಕೆ? ಕತ್ತಿ ಸುಮ್ಮನೆ ಸವೆಯುದಿಲ್ವಾ?"

ಮಾವ ಕಲ್ಲಿಗೆ ನೀರು ಚಿಮುಕಿಸಿದರು. ಅಮ್ಮ ಒಳಗಿದ್ದಾರೋ ಎಂದು ಒಮ್ಮೆ ನೋಡಿದರು.

"ಮರ ಹತ್ಲಿಕ್ಕೆ ಹೆದರಿಕೆ ಆಗ್ತದೆ ಮಗಾ. ಮೊದಲಿಂದಲೂ. ಮಸೆಯುವಾಗ ಸ್ವಲ್ಪ ಹೊತ್ತು ಹೋಗ್ತದಲ್ಲ, ಅದಕ್ಕೆ."

ಅದನ್ನು ನಾನು ಪುಸ್ತಕದಲ್ಲಿ ಬರೆಯಲಿಲ್ಲ.

ಸೋಮವಾರಕ್ಕೆ ಟೀಚರಿಗೆ ಈ ವಿಷಯ ಕೊಟ್ಟೆ. ಪ್ರೋಗ್ರಾಂ ಮಾಡಿದ್ದು ಕಾಲೇಜಿನ ಲ್ಯಾಬಿನಲ್ಲಿ, ಊಟದ ಹೊತ್ತಿನಲ್ಲಿ, ಬೇರೆಯವರು ಎದ್ದುಹೋದ ಕುರ್ಚಿಗಳಲ್ಲಿ. ಪರೀಕ್ಷೆಯ ದಿನ ಹೊರಗಿನಿಂದ ಒಬ್ಬರು ಸರ್ ಬಂದಿದ್ದರು. ಹೆಸರಿನ ಅಕ್ಷರದ ಕ್ರಮದಲ್ಲಿ ಅವಳು ನನಗಿಂತ ಮೊದಲು. ಬಾಗಿಲು ಅರ್ಧ ತೆರೆದಿತ್ತು. ಬೆಂಚಿನಲ್ಲಿ ಕೂತು ನಾನು ನನ್ನದೇ ವಾಕ್ಯಗಳನ್ನು ಇಂಗ್ಲಿಷಿನಲ್ಲಿ ಕೇಳಿಸಿಕೊಂಡೆ. ಅವಸರದವರು ಎತ್ತಬಾರದ್ದು, ಹೆದರುವವರು ಎತ್ತಬೇಕಾದ್ದು, ಮಳೆಯಲ್ಲಿ ಸಡಿಲಾಗುವ ದಾರ. ಅವಳ ಇಂಗ್ಲಿಷ್ ಚೆನ್ನಾಗಿತ್ತು. ಸರ್ ಒಂದು ಕಡೆ ತಡೆದು, ನಂಬರ್ ಇಷ್ಟು ಕಡಿಮೆ ಇರುವ ಈ ಬಾಗು ಕತ್ತಿಗೆ ಯಾಕೆ ನಕ್ಷತ್ರ ಎಂದು ಕೇಳಿದರು. ಆ ನಕ್ಷತ್ರವನ್ನೂ ಅವಳು ಬಿಟ್ಟಿರಲಿಲ್ಲ.

ಅವಳು ತಡವರಿಸುತ್ತಾಳೆ, ಸಿಕ್ಕಿಬೀಳುತ್ತಾಳೆ ಎಂದುಕೊಂಡೆ. ಕಥೆಯಾಗಿದ್ದರೆ ಹಾಗೇ ಆಗುತ್ತಿತ್ತು. ಅದು ಎಲ್ಲರಿಗೂ ಹೊಂದಿಕೊಳ್ಳುವ ಆಯುಧ ಸರ್ ಎಂದಳು. ಸರ್ ಗುಡ್ ಎಂದರು. ಆ ವರ್ಷ ಪ್ರಾಜೆಕ್ಟಿನಲ್ಲಿ ಎಲ್ಲರಿಗಿಂತ ಹೆಚ್ಚು ಮಾರ್ಕು ಅವಳದು.

ನನ್ನದನ್ನು ನೋಡಿದ ಸರ್, "ಮಸೆಯುವುದು ಮಾತ್ರವಾ? ತುಂಬಾ ಸಣ್ಣದಾಯ್ತು" ಎಂದರು. ಸಂಖ್ಯೆಗಳು ಎಲ್ಲಿಂದ ಎಂದು ಕೇಳಿದರು. ನನ್ನ ಮಾವನಿಂದ ಎಂದೆ. ಇಂಗ್ಲಿಷಿನಲ್ಲಿ ಅಂಕಲ್ ಎಂದು ಹೇಳುವಾಗ ನಾಲಗೆ ಸ್ವಲ್ಪ ತಡೆಯಿತು. ಪಾಸಾಗಲು ಬೇಕಾದದ್ದಕ್ಕಿಂತ ಸ್ವಲ್ಪವೇ ಮೇಲೆ ಮಾರ್ಕು ಹಾಕಿದರು. ಸಾಕಾಯಿತು.

ಈಗ ನನ್ನ ಹತ್ತಿರ ಹಳೆಯದೊಂದು ಲ್ಯಾಪ್‌ಟಾಪ್ ಇದೆ. ಯಾವ ಹೊಸ ಆಟ ಶುರು ಮಾಡಿದರೂ ಮೊದಲು ಹರವಿಟ್ಟ ಆಯುಧಗಳಲ್ಲಿ ಕಲ್ಲಿಗೆ ಮಸೆಯಬಹುದಾದದ್ದು ಯಾವುದೆಂದು ನೋಡುತ್ತೇನೆ. ಯಾವುದನ್ನು ಎತ್ತಿದೆ ಎಂದು ಯಾರಿಗೂ ಹೇಳುವುದಿಲ್ಲ. ಗೆಳತಿ ಬಂದ್ಯೋಡಿನಲ್ಲಿ ಎದುರಾದರೆ ತಲೆ ಆಡಿಸುತ್ತಾಳೆ, ನಾನೂ ಆಡಿಸುತ್ತೇನೆ. ಪುಸ್ತಕ ವಾಪಸ್ ಬರಲಿಲ್ಲ. ಕೊನೆಯ ಹಾಳೆಯಲ್ಲಿ ಮಾವನ ಮಾತು ಇತ್ತಲ್ಲ, ಅದನ್ನು ಅವಳು ಓದಿದ್ದಾಳೆಯೇ ಎಂದು ಒಮ್ಮೊಮ್ಮೆ ಯೋಚಿಸುತ್ತೇನೆ. ಓದಿದ ಮೇಲೂ ಇಟ್ಟುಕೊಂಡಳೇ?

ಸರ್ಟಿಫಿಕೇಟ್ ಬಂದಿದೆ ಎಂದು ಫೋನ್ ಬಂದ ದಿನ ಕಾಲೇಜಿನ ಆಫೀಸಿಗೆ ಹೋಗಿ ಸಹಿ ಹಾಕಿ ತೆಗೆದುಕೊಂಡೆ. ಪ್ಲಾಸ್ಟಿಕ್ ಕವರಿನೊಳಗೆ ಇಟ್ಟು, ಎರಡೂ ಬಸ್ಸಿನಲ್ಲಿ ತೊಡೆಯ ಮೇಲೆ ಹಿಡಿದುಕೊಂಡೇ ಕೂತೆ. ನಾನು ನಮ್ಮ ಮನೆಯ ಮೊದಲ ಡಿಗ್ರಿ. ಇದನ್ನು ಹೇಳಲು ನನಗೆ ನಾಚಿಕೆಯಿಲ್ಲ, ಕೇಳದವರಿಗೂ ಹೇಳುತ್ತೇನೆ.

ಮನೆಗೆ ಬಂದಾಗ ಅಮ್ಮ ಎದ್ದು ನಿಂತರು, ಮಡಿಲಿನಿಂದ ಬೀಡಿ ಎಲೆಯ ಚೂರು ಉದುರಿತು. ಆದರೆ ನಾನು ಅದನ್ನು ಕೊಟ್ಟದ್ದು ಮಾವನ ಕೈಗೆ. ಆಗದು ಎಂದವರು ಅವರು. ಅವರೇ ಮೊದಲು ಮುಟ್ಟಲಿ ಎಂದು ಮೂರು ವರ್ಷದಿಂದ ಇದ್ದ ಹಟ.

ಮಾವ ಬಾವಿಗೆ ಹೋಗಿ ಕೈ ತೊಳೆದು, ಉಟ್ಟ ಮುಂಡಿನಲ್ಲಿ ಎರಡು ಸಲ ಒರೆಸಿ ತೆಗೆದುಕೊಂಡರು.

"ನಿನ್ನ ಹೆಸರು ಎಲ್ಲುಂಟು?"

ತೋರಿಸಿದೆ. ಹೆಸರಿನ ಅಡಿಯಲ್ಲಿ ಹೆಬ್ಬೆರಳಿನ ಉಗುರು ಇಟ್ಟು ಬಹಳ ಹೊತ್ತು ನೋಡಿದರು. ಆಮೇಲೆ ಕವರಿನೊಳಗೆ ಸರಿಯಾಗಿ ಸೇರಿಸಿ, ನನ್ನ ಕೈಗೇ ವಾಪಸ್ ಕೊಟ್ಟರು.

"ಇದನ್ನು ನೀನೇ ಇಟ್ಕೋ ಮಗಾ. ಎಲ್ಲಿಟ್ಟಿದ್ದೀ ಅಂತ ನನಗೆ ಹೇಳ್ಬೇಡ. ಯಾರಾದ್ರೂ ಬಂದು ಮಾವ ಅಂತ ಕರೆದು ಒಳ್ಳೆ ಮಾತಾಡಿದ್ರೆ, ನಾನು ಕೊಟ್ಟುಬಿಡ್ತೇನೆ."